ಓಡದ ಓ

"ಬಂಗುಡೆಯ ಬಿ" ಎಂದಳು ರುಫೈದಾ ಫೋನಿನಲ್ಲಿ,
"ಏಳು. ಕಾಣೆಯ ಕೆ. ಅಂಜಲಿನ ಎ.
ಆಮೇಲೆ ಓ."
ಸೊನ್ನೆಯಾ?
"ಸೊನ್ನೆ ಅಲ್ಲ ಮಾರಾಯ್ತಿ, ಓಡದ ಓ."

ಒತ್ತಿದೆ. ನಿಮ್ಮ ಆವೃತ್ತಿ ಹಳತು ಎಂದಿತು ಆಟ,
ಒಂದು ಜಿಬಿ ಇಳಿಸಿಕೊಳ್ಳಿ.
ದಿನದ ಒಂದೂವರೆಯಲ್ಲಿ ಒಂದು ಹೋದರೆ
ಉಳಿದ ಅರ್ಧದಲ್ಲಿ ಎಷ್ಟು ದೂರ ನಡೆದೇನು?
ಬೆಂಗರೆಯ ನಮ್ಮ ಮನೆಯಲ್ಲಿ ನೆಟ್‌ವರ್ಕ್ ಸಿಗುವುದು
ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತರೆ ಮಾತ್ರ.
ಕೂತೆ. ಶೇಕಡಾ ಹತ್ತು. ಹನ್ನೊಂದು.
ಅವಳದ್ದೂ ಅದೇ ಲೆಕ್ಕ: ಹೆತ್ತು ಹನ್ನೊಂದು ದಿನ,
ನಲ್ವತ್ತು ತುಂಬುವವರೆಗೆ ಹೊಸ್ತಿಲು ದಾಟುವಂತಿಲ್ಲ.
ಉಳ್ಳಾಲದ ತಾಯಿಮನೆ, ಒಳಕೋಣೆ,
ಎಣ್ಣೆ, ಬಿಸಿನೀರು, ಮೆಂತೆಯ ಗಂಜಿ,
ತಮ್ಮನಿಂದ ಕಿತ್ತುಕೊಂಡ ಪ್ಲೇಸ್ಟೇಷನ್.
ಬೇರೆ ಯಂತ್ರದವರನ್ನು ಒಳಗೆ ಬಿಡಲೇ ಎಂದು
ಒಂದು ಗುಂಡಿ ಕೇಳುತ್ತದಂತೆ.
ಅದನ್ನು ಒತ್ತಿಕೊಡಲು ಆ ಅಫ್ರೀದ್
ಐವತ್ತು ರೂಪಾಯಿ ತೆಗೆದುಕೊಂಡ.

ನೋಡಲು ಹೋಗಿದ್ದೆ ಕಳೆದ ಭಾನುವಾರ.
ಮಂಚದ ಸುತ್ತ ಆರು ಮಂದಿ ಚಿಕ್ಕಮ್ಮಂದಿರು.
ಮೂಗು ಯಾರದ್ದೆಂಬ ಚರ್ಚೆ ಮುಗಿಯುವಷ್ಟರಲ್ಲಿ
ಕೊನೆಯ ಫೆರಿಯ ಹೊತ್ತಾಯಿತು.
"ಆಟಕ್ಕೆ ಬಾ" ಎಂದಿದ್ದಳು ಕಿವಿಯಲ್ಲಿ,
ನನ್ನ ಚೀಲಕ್ಕೆ ತಿಂಡಿಯ ಡಬ್ಬಿ ತುರುಕುತ್ತ.

ಹತ್ತೂವರೆಗೆ ಬಾಗಿಲು ತೆರೆಯಿತು.
ಅವಳ ದೊಡ್ಡ ಟಿವಿಯಲ್ಲಿ ಕಾಡಿಗೆ ಎಲೆಗಳುಂಟಂತೆ,
ಎಲೆಯ ಬೆನ್ನಿಗೆ ಬೆಳಕು ಬಡಿಯುತ್ತದಂತೆ.
ನನ್ನ ಬಿರುಕು ಬಿಟ್ಟ ಫೋನಿನಲ್ಲಿ ಮರವೆಂದರೆ
ಕೋಲಿನ ಮೇಲೊಂದು ಹಸಿರು ಡಬ್ಬ.
"ಚಂದ್ರ ಬಂದ, ನೋಡು" ಎನ್ನುತ್ತಾಳೆ.
ನನಗೆ ಬಂದಿಲ್ಲ.
ಹೇಗಿದ್ದಾನೆ ಹೇಳು.
"ಅಪ್ಪದ ಹಾಗೆ. ಅಂಚು ಸ್ವಲ್ಪ ಸೀದದ್ದು."
ಅವಳು ಹೇಳಿದ ಚಂದ್ರನ ಕೆಳಗೆ
ನನ್ನ ಡಬ್ಬಗಳ ನಡುವೆ ನಡೆದೆ.

ಅವಳು ಹಾರಿ ದಾಟಿದ ತೋಡಿಗೆ
ನನ್ನ ಬೆವರಿದ ಹೆಬ್ಬೆರಳು ಮೂರು ಸಲ ನನ್ನನ್ನು ಕೆಡವಿತು.
ಮೂರು ಸಲವೂ ಕಾದಳು,
ಹೊಲಿಗೆ ನೋಯುತ್ತದೆ, ನಗಿಸಬೇಡ ಎಂದು ಬೈಯುತ್ತ.
ಆಮೇಲೆ ಕಲ್ಲು ಒಡೆಯುತ್ತಿದ್ದಾಗ,
"ರಾತ್ರಿ ಸುಮ್ಮನೆ ಅಳು ಬರ್ತದೆ,
ಯಾಕೆಂದು ಗೊತ್ತಿಲ್ಲ" ಎಂದಳು.
ನನಗೂ ಗೊತ್ತಿರಲಿಲ್ಲ.
ನಾಲ್ಕು ಕಲ್ಲು ಒಡೆದು ಅವಳ ಕಾಲ ಬಳಿ ಹಾಕಿದೆ.
ಮತ್ತೆ ನಾಲ್ಕು.

ಆಗ ಮಗು ಎದ್ದಿತು.
ಮೈಕಿನಲ್ಲಿ ಮೊದಲು ಬೆಕ್ಕಿನಂಥ ದನಿ, ಆಮೇಲೆ ಇಡೀ ಉಳ್ಳಾಲ.
"ಒಂದು ನಿಮಿಷ" ಎಂದು ಹೋದಳು.
ಅವಳ ಗೊಂಬೆ ಬಯಲ ನಡುವೆ
ಎತ್ತಿದ ಕೊಡಲಿ ಎತ್ತಿದ ಹಾಗೆಯೇ ನಿಂತಿತು,
ಉಸಿರಾಡುತ್ತ.
ತೋಳಗಳು ಬರುವ ಹೊತ್ತು ಅದು.
ನನ್ನಲ್ಲಿ ಒಂದು ಮರದ ದೊಣ್ಣೆ, ಬ್ಯಾಟರಿ ಒಂಬತ್ತು.
ಸುತ್ತ ತಿರುಗಿದೆ. ಬಲದಿಂದ ಒಂದು, ಹೊಡೆದೆ.
ಹಿಂದಿನಿಂದ ಎರಡು, ಹೊಡೆದೆ, ಕಚ್ಚಿಸಿಕೊಂಡೆ.
ಕಿವಿಯಲ್ಲಿ ಮಗು ಹಾಲು ಗುಟುಕರಿಸುವ ಸದ್ದು,
ಅವಳಮ್ಮ ಬ್ಯಾರಿಯಲ್ಲಿ ಏನೋ ಗುನುಗುವುದು,
ಇಲ್ಲಿ ಅಳಿವೆಯಲ್ಲಿ ತಡವಾಗಿ ಬಂದ ಬೋಟಿನ ಇಂಜಿನು.
"ಯಾರಲ್ಲಿ ಹೊಡೆದಾಡ್ತೀ ಈ ಹೊತ್ತಿನಲ್ಲಿ?" ಅಮ್ಮ, ಕಿಟಕಿಯಿಂದ.
ರುಫೈದನ ಮಗು ಹಾಲು ಕುಡಿಯುತ್ತಿದೆ ಎಂದೆ.
ಅಮ್ಮ ಒಂದು ಗಳಿಗೆ ನಿಂತು,
ಹಿತ್ತಲ ದೀಪ ಆರಿಸದೆ ಹೋದಳು.

ಆರನೆಯ ತೋಳಕ್ಕೆ ಫೋನು ಸತ್ತಿತು.

ಮರುರಾತ್ರಿ ಹೊಸ ಸಂಕೇತ. ತೇಡೆಯ ಟಿ, ಮರವಾಯಿಯ ಎಂ.
ಒಳಗೆ ಬಂದರೆ ಕತ್ತಲು.
ತಡಕಿದೆ. ನಾಲ್ಕೂ ಕಡೆ ಕಲ್ಲು, ಮೇಲೆ ಕಲ್ಲು,
ನಾನೇ ಒಡೆದುಕೊಟ್ಟದ್ದು.
"ನೀನು ನಿಂತಲ್ಲೇ ನಿದ್ದೆ ಹೋಗಿದ್ದಿ" ಎಂದಳು ಹೊರಗಿನಿಂದ,
"ತೋಳ ಮುಟ್ಟದ ಹಾಗೆ ಮನೆ ಕಟ್ಟಿದೆ,
ಒಂದೇ ಕೈಯಲ್ಲಿ. ಇನ್ನೊಂದರಲ್ಲಿ ಇವಳು."
ಬಾಗಿಲು ಎಲ್ಲಿ?
ಸದ್ದಿಲ್ಲ.
"ಅಯ್ಯೋ" ಎಂದಳು ಆಮೇಲೆ,
ಹೊಲಿಗೆ ಹಿಡಿದುಕೊಂಡು ನಗತೊಡಗಿದಳು.