ಎಂಟು ಶೇಕಡಾ

ನೆಕ್ಕರೆಕಡವಿನ ಸಂಕಕ್ಕೆ ಈಗ ಹದಿಮೂರು ವರ್ಷ,
ಅಂದರೆ ಅದರ ಮೊದಲ ಕಂಬಕ್ಕೆ.
ಆಚೆ ದಡದಿಂದ ಬಂದ ಸಿಮೆಂಟು, ಈಚೆ ದಡದಿಂದ ಹೋದ ಸಿಮೆಂಟು
ನಡುಹೊಳೆಯ ಮೇಲೆ ನಿಂತುಬಿಟ್ಟಿವೆ,
ಕೈಕುಲುಕಲು ಹೊರಟು ಅರ್ಧದಲ್ಲಿ
ಹೆಸರು ಮರೆತವರ ಹಾಗೆ.
ಹೊರಚಾಚಿದ ಕಂಬಿ ಮುಟ್ಟಿದರೆ ಪುಡಿ.
ನೀರುಕಾಗೆಯೊಂದು ದಿನಾ ಅದರ ಮೇಲೆ ರೆಕ್ಕೆ ಬಿಡಿಸಿ ಕೂರುತ್ತದೆ.

ನನ್ನದು ಉಪ್ಪಳದಲ್ಲಿ ಟೈಪಿಂಗಿನ ಅಂಗಡಿ,
ಜೆರಾಕ್ಸು ಪುಟಕ್ಕೆ ಎರಡು ರೂಪಾಯಿ.
ಅರ್ಜಿ ತಯಾರಾದದ್ದು ಹೀಗೆ:
ಅವರು ತುಳುವಿನಲ್ಲಿ, ಬ್ಯಾರಿಯಲ್ಲಿ ಬೈಯುತ್ತಿದ್ದರು,
ಸಂಜೀವ ಮಾಷ್ಟ್ರು ಅದನ್ನು ಕನ್ನಡದಲ್ಲಿ ತೊಳೆದು ಕೊಡುತ್ತಿದ್ದರು,
ನಾನು ಇಂಗ್ಲಿಷಿನಲ್ಲಿ ಒಣಗಲು ಹಾಕುತ್ತಿದ್ದೆ.

ಬೀಫಾತಿಮ್ಮ ಹೇಳಿದ್ದು:
ಮಗಳಿಗೆ ನೋವು ಬಂದ ರಾತ್ರಿ ಹೊಳೆ ಕೆಂಪು, ದೋಣಿ ಆಚೆ ದಡದಲ್ಲಿ,
ಕೂಗಿ ಕೂಗಿ ನನ್ನ ಗಂಟಲು ಇವತ್ತಿಗೂ ಸರಿ ಇಲ್ಲ.
ನಾನು ಟೈಪು ಮಾಡಿದ್ದು:
ಅರ್ಜಿದಾರರಿಗೆ ಸಂಚಾರದ ಅನನುಕೂಲ ಉಂಟಾಗಿರುತ್ತದೆ.
ಗಂಟಲಿಗೆ ಕಲಂ ಇರಲಿಲ್ಲ.

ಹತ್ತು ಸಹಿ, ಮೂರು ಹೆಬ್ಬೆಟ್ಟು.
ಐತಪ್ಪ ಬೆಳ್ಚಪ್ಪಾಡರ ಹೆಬ್ಬೆಟ್ಟು ಮೂರ್ತೆಯ ಕತ್ತಿ ತಾಗಿ ಅರ್ಧವೇ ಮೂಡಿತು;
ಇದೂ ಅಪೂರ್ಣ ಕಾಮಗಾರಿ ಎಂದು ಬರೀರಿ ಎಂದರು.
ಹದಿನಾಲ್ಕನೆಯದು ದೋಣಿಯ ಇಸುಬಾಕನದು.
ಯಾರೂ ಕರೆದಿರಲಿಲ್ಲ. ತಾವೇ ಬಂದು, ಪೆನ್ನು ಇಸಿದುಕೊಂಡು,
ತಮಗೆ ಗೊತ್ತಿದ್ದ ಒಂದೇ ಬರಹ ಬರೆದು
ಮಾತಾಡದೆ ಹೋದರು.

ಎರ್ನಾಕುಳಕ್ಕೆ ರಾತ್ರಿಯ ರೈಲು.
ಮಾಷ್ಟ್ರು, ಫೆಲ್ಸಿ ಕ್ರಾಸ್ತ ಬಾಯಿ, ಜನರಲ್ ಬೋಗಿಯ ಬಾಗಿಲ ಬಳಿ.
ದಾರಿಯುದ್ದಕ್ಕೂ ಎಷ್ಟೊಂದು ಸಂಕ!
ಫೆಲ್ಸಿಬಾಯಿ ಎಣಿಸುತ್ತ ಹೋದರಂತೆ,
ಕಣ್ಣೂರು ದಾಟುವಾಗ ನಿದ್ದೆ ಬಂದು ಲೆಕ್ಕ ತಪ್ಪಿತಂತೆ.

ಸರಕಾರದ ಉತ್ತರ ಒಂದೂವರೆ ವರ್ಷಕ್ಕೆ ಬಂತು:
ಕಾಮಗಾರಿ ತೊಂಬತ್ತೆರಡು ಶೇಕಡಾ ಪೂರ್ಣ.
ಅಂಗಡಿಯಲ್ಲಿ ಓದಿ ಹೇಳಿದೆ. ಯಾರೂ ಮಾತಾಡಲಿಲ್ಲ.
ಬಳಿಕ ಐತಪ್ಪರು:
ಲೆಕ್ಕ ಸರಿಯೇ ಮಾರಾಯ್ತಿ.
ತೆಂಗಿನ ಮರದ ತೊಂಬತ್ತೆರಡು ಶೇಕಡಾ ಹತ್ತಿ ಇಳಿದರೆ
ಗಡಂಗಿನವನು ಎಷ್ಟು ಕೊಡ್ತಾನೆ, ಕೇಳಿ ನೋಡು.
ಉಳಿದ ಎಂಟು ಇರುವುದು ನಡುಹೊಳೆಯಲ್ಲಿ,
ಅಲ್ಲಿ ಮೂರಾಳು ನೀರು.

ಕೋರ್ಟು ಒಬ್ಬ ಕಮಿಷನರನ್ನು ಕಳಿಸಿತು. ಎಳೆಯ ವಕೀಲ,
ಬಿಳಿ ಅಂಗಿ, ಕಪ್ಪು ಬೂಟು, ಕೈಯಲ್ಲಿ ಟೇಪು.
ಈಚೆ ತುದಿ ಅಳೆದ. ಆಚೆ ತುದಿಯನ್ನೂ ಅಳೆಯಬೇಕಲ್ಲ?
ಬೂಟು ಕಳಚಿ ಕೈಯಲ್ಲಿ ಹಿಡಿದು ದೋಣಿ ಹತ್ತಿದ.
ಇಳಿದು ಹತ್ತು ರೂಪಾಯಿ ಕೊಟ್ಟು
ಮಲಯಾಳದಲ್ಲಿ ಕೇಳಿದ: ರಶೀದಿ?

ನಲುವತ್ತು ವರ್ಷದಲ್ಲಿ ಆ ದೋಣಿಯಲ್ಲಿ
ಚೌಕಾಸಿ ಕೇಳಿದೆ, ಸಾಲ ಕೇಳಿದೆ, ಒಮ್ಮೆ ಹುಡುಗಿಯನ್ನೂ ಕೇಳಿದ್ದಾರೆ.
ರಶೀದಿ ಕೇಳಿದವರಿಲ್ಲ.
ಮಾಷ್ಟ್ರು ಬೀಡಿ ಲೇಬಲಿನ ಹಿಂದೆ, ಗುಂಡು ಅಕ್ಷರದಲ್ಲಿ:
ನೆಕ್ಕರೆಕಡವಿನಲ್ಲಿ ಸಂಕ ಇಲ್ಲದ ಕಾರಣ
ಒಬ್ಬರನ್ನು ದಾಟಿಸಿದ ಬಾಬ್ತು
ಹತ್ತು ರೂಪಾಯಿ ಸಂದಾಯ.

ಅದೀಗ ದಾಖಲೆ ಸಿ-ನಾಲ್ಕು.
ಇನ್ನೂರ ಹದಿನಾರು ಪುಟದ ಕಟ್ಟಿನಲ್ಲಿ ಕನ್ನಡ ಅದೊಂದೇ.
ನ್ಯಾಯಮೂರ್ತಿಗಳು ತಿರುಗಿಸಿ ನೋಡಿ ಇದು ಯಾವ ಲಿಪಿ ಎಂದರಂತೆ.
ಮಾಷ್ಟ್ರು ಹಿಂದಿನ ಬೆಂಚಿನಿಂದ ಎದ್ದು, ಅಪ್ಪಣೆ ಕೇಳದೆ, ಓದಿದರಂತೆ,
ಫೆಲ್ಸಿಬಾಯಿ ಹೇಳುವುದು,
ಶಾಲೆಯಲ್ಲಿ ಹಾಜರಿ ಕರೆಯುವ ದನಿಯಲ್ಲಿ.

ಆರು ತಿಂಗಳೊಳಗೆ, ಎಂದಿದೆ ತೀರ್ಪು.
ಐದು ಕಳೆಯಿತು. ಒಂದು ಲಾರಿ ಜಲ್ಲಿ ಬಂದಿದೆ,
ಮಕ್ಕಳು ಅದರ ಮೇಲೆ ಹತ್ತಿ ಜಾರುತ್ತಾರೆ.

ನಿನ್ನೆ ಇಸುಬಾಕ ಅಂಗಡಿಗೆ ಬಂದಿದ್ದರು.
ಆ ಚೀಟಿಯಂಥದ್ದು ನೂರು ಮಾಡಿದರೆ ಎಷ್ಟಾಗ್ತದೆ?
ಯಾಕೆ, ಎಂದೆ.
ದಾಟಿದವರಿಗೆಲ್ಲ ಒಂದೊಂದು ಕೊಡುವ.
ಅವರ ಹತ್ತಿರವೂ ಇರಲಿ.

ಒಂದು ಹಾಳೆಗೆ ಎಂಟು ಹಿಡಿಯುತ್ತದೆ.
ತಾರೀಕಿನ ಜಾಗ ಖಾಲಿ ಬಿಟ್ಟಿದ್ದೇನೆ.
ಕತ್ತರಿ ಇಲ್ಲೇ ಎಲ್ಲೋ ಇತ್ತು.