ಮೇಲಿನಂತೆ

ಕತ್ಸೀನಾ-ಆಲಾದ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ
ಹದಿನಾಲ್ಕು ವರ್ಷದಿಂದ ಗುಮಾಸ್ತ ನಾನು.
ಮೂರು ತಿಂಗಳಿಗೊಮ್ಮೆ ಮಕುರ್ಡಿಯ ಹೈಕೋರ್ಟಿಗೆ
ಬಾಕಿ ಕೇಸುಗಳ ಪಟ್ಟಿ ಕಳಿಸಬೇಕು.
ಏಳು ಕಾಲಂ. ಕೊನೆಯದು ಷರಾ:
ತಡಕ್ಕೆ ಕಾರಣ.

ಒಂದಂಗುಲ ಅಗಲದ ಜಾಗ ಅದು.
ಅಷ್ಟರಲ್ಲಿ ಏನು ಹಿಡಿಸುತ್ತದೆ, ನೀವೇ ಹೇಳಿ.
ಸಾಕ್ಷಿ ಗೈರು. ಜೀಪಿಗೆ ಪೆಟ್ರೋಲಿಲ್ಲ.
ಸಾಹೇಬರಿಗೆ ವರ್ಗ. ಮೇಲಿನಂತೆ.
ಮೇಲಿನಂತೆ ಅನ್ನುವುದು ನನ್ನ ಕೈಗೆ ಕೂತುಬಿಟ್ಟ ಮಾತು;
ಕಣ್ಣು ಮುಚ್ಚಿ ಬರೆದರೂ ಗೆರೆ ತಪ್ಪುವುದಿಲ್ಲ.

ಕ್ರಮಸಂಖ್ಯೆ ಮೂವತ್ತೊಂದು, ಇಯೋರ್‌ಕೋಸು ಗ್ಬಾ.
ಯಾರದೋ ಹೊಲದಲ್ಲಿ ಮೂರು ಹೆಗ್ಗೆಣಸು ಕಿತ್ತ.
ಕೈಯಲ್ಲಿ ಕತ್ತಿಯಿತ್ತು, ಆದ್ದರಿಂದ ಸಶಸ್ತ್ರ ದರೋಡೆ.
ಗೆಣಸು ಅಗೆಯಲು ಹೋದವನ ಕೈಯಲ್ಲಿ
ಮತ್ತೇನು, ಲೇಖನಿ ಇರುತ್ತದೆಯೇ?
ದರೋಡೆ ವಿಚಾರಿಸಲು ನಮ್ಮ ಕೋರ್ಟಿಗೆ ಅಧಿಕಾರವಿಲ್ಲ,
ಒಳಗಿಡಲು ಮಾತ್ರ ಉಂಟು.
ಕಡತ ಸರ್ಕಾರಿ ವಕೀಲರ ಅಭಿಪ್ರಾಯಕ್ಕೆ ಹೋಯಿತು.
ಅಭಿಪ್ರಾಯ ಬರಲಿಲ್ಲ.
ಆರು ಸಲ ಹೊಸ ಗೆಣಸು ಸಂತೆಗೆ ಬಂತು.

ಅವನ ತಾಯಿ ವಂದೂನ್
ಕಪ್ಪು ಬಿಳಿ ಪಟ್ಟೆಯ ನೇಯ್ಗೆ ಸುತ್ತಿಕೊಂಡು
ಮದುವೆಗೆ ಹೊರಟವಳ ಹಾಗೆ ಪ್ರತಿ ವಾಯಿದೆಗೂ ಬರುತ್ತಿದ್ದಳು.
ಬೆಂಚಿನ ತುದಿಯಲ್ಲಿ ಕೂತು
ಸಾಹೇಬರನ್ನಲ್ಲ, ನನ್ನ ಪೆನ್ನನ್ನು ನೋಡುತ್ತಿದ್ದಳು,
ತಾರೀಖು ಹುಟ್ಟುವುದೆಲ್ಲಿ ಎಂದು ಗೊತ್ತಿದ್ದವಳಂತೆ.
ಐದನೆಯ ವರ್ಷ ಬರಲಿಲ್ಲ.
ಯಾಕೆಂದು ನಾನು ಕೇಳಲಿಲ್ಲ. ಅದಕ್ಕೆ ಕಾಲಂ ಇಲ್ಲ.

ಈ ಜನವರಿಯಲ್ಲಿ, ಹರ್ಮಟಾನ್ ಗಾಳಿ
ಮರುಭೂಮಿಯನ್ನೇ ಹೊತ್ತು ತಂದು ಮೇಜಿನ ಮೇಲೆ ಸುರಿದ ವಾರ,
ಹೈಕೋರ್ಟಿನ ಮುಖ್ಯ ನ್ಯಾಯಾಧೀಶರು ಜೈಲಿಗೆ ಬಂದರು.
ಜೈಲಿನ ಅಂಗಳದಲ್ಲಿ ಮಾವಿನ ಮರ, ಪ್ಲಾಸ್ಟಿಕ್ ಕುರ್ಚಿ,
ಗಿಡ್ಡ ಹೆಂಗಸು, ಮೂಗಿನ ತುದಿಗೆ ಕನ್ನಡಕ.
ಅವರ ಮುಂದೆ ಜೋಡಿಸಿಟ್ಟಿದ್ದವು
ನನ್ನದೇ ಅಕ್ಷರದ ಇಪ್ಪತ್ತನಾಲ್ಕು ಪಟ್ಟಿಗಳು.

ಅಲ್ಲಿ ಯಾರೂ ಓದುವುದಿಲ್ಲ ಅಂದುಕೊಂಡಿದ್ದೆ.
ಓದಲಿ ಎಂದು ಬರೆದದ್ದೂ ಅಲ್ಲ.

"ಮೂವತ್ತೊಂದು," ಅಂದರು. "ಷರಾ ಓದಿ."
"ಮೇಲಿನಂತೆ, ತಾಯಿ."
"ಮೇಲೆ ಏನಿದೆ?"
ಕೆಂಪು ಪೆನ್ಸಿಲ್ ಒಂದು ಗೆರೆ ಮೇಲಕ್ಕೆ ಸರಿಯಿತು.
ಕ್ರಮಸಂಖ್ಯೆ ಮೂವತ್ತು:
ಹೋದ ಮಾರ್ಚಿನಲ್ಲಿ ಕ್ಷಯ ಬಡಿದು ಸತ್ತ ಹುಡುಗ.
ಮರಣಪತ್ರ ಬರದೆ ಅವನೂ ಬಾಕಿಯೇ.
ಓದಿದೆ: "ಆರೋಪಿ ಜೈಲಿನಲ್ಲಿ ಮೃತ."
ಮತ್ತೆ ಕೆಳಗಿಳಿದು ಓದಿದೆ: "ಮೇಲಿನಂತೆ."

ನಾಲ್ಕು ಪಟ್ಟಿಯಲ್ಲಿ, ಒಂದಿಡೀ ವರ್ಷ,
ಸತ್ತಿದ್ದ ಇಯೋರ್‌ಕೋಸು ಗ್ಬಾ
ಹೆಸರು ಕೂಗಿದಾಗ ಮರದ ಹಿಂದಿನಿಂದ
ಬಕೆಟ್ಟು ಕೆಳಗಿಟ್ಟು, ಕೈ ಒರೆಸಿಕೊಂಡು ಬಂದ.

ಅವರು ನನಗೆ ಬೈಯಲಿಲ್ಲ.
ಬೈದಿದ್ದರೆ ಮನೆಯಲ್ಲಿ ಹೇಳಿಕೊಳ್ಳಲು ಏನಾದರೂ ಇರುತ್ತಿತ್ತು.
ಬಿಡುಗಡೆಯ ಹಾಳೆಗೆ ಸಹಿ ಹಾಕಿ
"ಮುಂದಿನದು" ಅಂದರು, ಅಷ್ಟೇ.

ಗೇಟಿನ ಹತ್ತಿರ ಅವನು ನನ್ನ ತೋಳು ಮುಟ್ಟಿದ.
"ಮುಂದಿನ ತಾರೀಖು ಯಾವಾಗ, ಸಾರ್?"
ತಾರೀಖಿಲ್ಲ, ಮುಗಿಯಿತು, ಹೋಗು, ಅಂದೆ.
ಅವನು ಹೋಗಲಿಲ್ಲ.
"ನಮ್ಮವ್ವ ನಿಮ್ಮ ಕೋರ್ಟಿಗೆ ಬರುತ್ತಿದ್ದಳಲ್ಲ,
ಈಗಲೂ ಬರುತ್ತಾಳಾ?"
ಬಸ್ಸಿನ ದುಡ್ಡು ಅವನ ಕೈಗಿಟ್ಟೆ.
ಅದು ಉತ್ತರವಲ್ಲ ಎಂದು ಇಬ್ಬರಿಗೂ ಗೊತ್ತಿತ್ತು.

ರಾತ್ರಿ ಹೊಸ ಪಟ್ಟಿ ಹಾಕಲು ಕೂತೆ.
ಮೂವತ್ತೆರಡು ಮೂವತ್ತೊಂದಾಯಿತು:
ಡೂಶಿಮಾ ಅಬೂರ್, ಹೆಂಗಸು, ಮೂರು ವರ್ಷ ಎರಡು ತಿಂಗಳು.
ಷರಾದ ಅಂಗುಲಕ್ಕೆ ಪೆನ್ನು ಊರಿದೆ.
ಕರೆಂಟು ಹೋಯಿತು.
ಕತ್ತಲಲ್ಲೂ ಗೆರೆ ತಪ್ಪದ ಕೈ ಇದು.
ಎದ್ದೆ,
ಮೇಣದಬತ್ತಿ ಹುಡುಕಲು.