ಬಾರದಾನ ಕಳೆದು

ಮೂವತ್ತು ವರ್ಷ ಮಹಾಲಿಂಗಪುರದ ಬೆಲ್ಲದ ಅಡತಿಯಲ್ಲಿ
ತಕ್ಕಡಿಯ ಮುಳ್ಳು ನೋಡಿದ ಕಣ್ಣು ಇದು.
ಪೆಂಟೆಯ ಮೇಲೆ ಕೂತ ನೊಣವನ್ನೂ ಓಡಿಸಿ ತೂಗಿದವನು
ಇವತ್ತು ಬೆರಳುದ್ದದ ಒಂದು ಟ್ಯೂಬಿನ ಮುಂದೆ
ಚಾಳೀಸು ಏರಿಸಿ ಕೂತಿದ್ದೇನೆ.

ಅಕ್ಷರವೇ ಅವು? ಬಾಣಿಯ ಕಿವಿಮಡಿಕೆಯೊಳಗೆ
ಒತ್ತೊತ್ತಾಗಿ ಕಚ್ಚಿ ಕೂತ ಉಣ್ಣಿಗಳು;
ಒಂದನ್ನು ಕಿತ್ತರೆ ಪಕ್ಕದ್ದು ಇನ್ನೂ ಒಳಗೆ.
ಔಷಧದಂಗಡಿಯ ತಸ್ಲೀಮಾ ಪೆನ್ನಿನ ತುದಿಯಿಂದ
ಒಂದೊಂದೇ ಬಿಡಿಸಿ ಚೀಟಿ ಬರೆದುಕೊಟ್ಟಳು:
‘ಕಾಕಾ, ಮೊದ್ಲ ತೂಕ. ಹತ್ತರಿಂದ ಇಪ್ಪತ್ತಕ್ಕ ಇದು,
ದಾಟಿತಂದ್ರ ಬ್ಯಾರೇದು. ಅಂದಾಜು ನಡಿಯಂಗಿಲ್ಲ.’

ಅಂದಾಜು!
ನನಗೆ ಹೇಳುತ್ತಾಳೆ, ಹುಡುಗಿ.

ನಾಯಿಯನ್ನು ಎತ್ತಿಕೊಂಡು ಕಾಟಾ ಹತ್ತಿದೆ.
ಹಮಾಲ ಮೌಲಾ ನಗುತ್ತಲೇ ಓದಿದ: ಎಂಬತ್ತೊಂದೂವರೆ.
ಅವಳನ್ನಿಳಿಸಿ ಒಬ್ಬನೇ ಹತ್ತಿದೆ: ಅರವತ್ತೊಂದೂ ಕಾಲು.
ನನ್ನನ್ನು ಕಳೆದರೆ ಉಳಿಯುವುದು ಇವಳು,
ಇಪ್ಪತ್ತೂ ಕಾಲು ಕಿಲೊ.
‘ಬೆಲ್ಟು?’ ಅಂದ ಮೌಲಾ. ಮುನ್ನೂರು ಗ್ರಾಂ.
ಬಾರದಾನ ಕಳೆದರೆ ಇಪ್ಪತ್ತಕ್ಕೆ ಐವತ್ತು ಕಡಿಮೆ.
‘ಉಣ್ಣಿ ಕಳೀಲಿಲ್ಲಲ್ಲ ಅಣ್ಣಾರ?’

ಎಷ್ಟು ಗಾಡಿ ಬೆಲ್ಲದಲ್ಲಿ ಸೂಟು ಎಂದು
ಕೈಗೆ ಬಂದಷ್ಟು ಚಿವುಟಿಲ್ಲ ನಾನು!
ಐವತ್ತು ಗ್ರಾಮಿಗೆ ಇವತ್ತು ಬೆನ್ನು ಬೆವರಿತು.

ಮನೆಯಲ್ಲಿ ಚೀಟಿಯ ಉಳಿದ ಸಾಲು ಓದಿದೆ:
ಮಕ್ಕಳ ಕೈಗೆ ಸಿಗದಂತೆ ಎತ್ತರದಲ್ಲಿಡಿ.
ಕಸ್ತೂರವ್ವ ಏನೂ ಅನ್ನಲಿಲ್ಲ.
ಡಬ್ಬಿಯನ್ನು ಸೆರಗಿನಿಂದ ಒರೆಸಿ
ಮೇಲಿನ ಹಲಗೆಗೆ ಕೈ ಚಾಚಿದವಳು, ನಿಂತಳು:
‘ಇಲ್ನೋಡ್ರಿ, ಇದೇನು?’
ಅಂಚಿನಲ್ಲಿ ಬೆಕ್ಕಿನ ಮೋತಿ. ಅದರ ಮೇಲೆ ಅಡ್ಡ ಗೀಟು.
ಅದನ್ನು ಓದಲು ಚಾಳೀಸೂ ಬೇಕಾಗಲಿಲ್ಲ.

ಫೋನಿನಲ್ಲಿ ತಸ್ಲೀಮಾ ಬೈದಳು: ‘ಬೆಕ್ಕು ಐತೇನು?
ಮೊದ್ಲ ಹೇಳಬಾರದಾ? ನಾಯಿಗೆ ಮದ್ದು, ಅದಕ್ಕ ವಿಷ.
ಮೂರು ದಿನ ಮೂಸಾಕೂ ಬಿಡಬ್ಯಾಡ್ರಿ.’

ಮೂರು ಚಳಿಗಾಲ ಬಾಣಿಯ ಹೊಟ್ಟೆಗೆ ಅಂಟಿ
ಮಲಗಿದೆ ನಮ್ಮ ಸಕ್ರಿ.

ಹೆಗಲ ನಡುವೆ ಕೂದಲು ಸರಿಸಿ
ಚರ್ಮ ಕಾಣುವಲ್ಲಿ ಹನಿ ಬಿಟ್ಟೆ, ಕೊನೆಯದನ್ನೂ ಹಿಂಡಿ.
ಬೆಕ್ಕನ್ನು ಅಡಿಗೆಮನೆಗೆ ದಾಟಿಸಿ ಅಗಳಿ ಹಾಕಿದೆ.

ಆಚೆ ಉಗುರು ಕೆರೆಯುವ ಸಪ್ಪಳ,
ಈಚೆ ಬಾಗಿಲ ಸಂದಿಗೆ ಮೂಗಿಟ್ಟ ಉಸಿರು.
ಎದ್ದು ಗಡಿಯಾರ ನೋಡಿದೆ.
ಮೂರು ದಿನದಲ್ಲಿ
ಕಳೆದದ್ದು ನಾಲ್ಕು ತಾಸು.